ಅಲ್ಪಾಕ, ಲಾಮಾ ಮರಿಗಳಿಗೆ ಹಾಲ್ಟರ್ ಮತ್ತು ಹಗ್ಗದ ಅಭ್ಯಾಸ: ಪದೇ ಪದೇ ಕೇಳುವ ಪ್ರಶ್ನೆಗಳು

ಅಲ್ಪಾಕ, ಲಾಮಾ ಎರಡೂ ಒಂಟೆಯ ಬಳಗಕ್ಕೆ ಸೇರಿದ, ದಕ್ಷಿಣ ಅಮೆರಿಕ ಮೂಲದ ಸಾಕುಪ್ರಾಣಿಗಳು. ಹೊಸದಾಗಿ ಇವುಗಳನ್ನು ಸಾಕಲು ಶುರು ಮಾಡಿದವರು ಮಾತಿಗೆ ಸಿಕ್ಕಾಗ, ಪತ್ರ ಬರೆದಾಗ ಮತ್ತೆ ಮತ್ತೆ ಕೇಳುವ ಪ್ರಶ್ನೆಗಳು ಇವು. ಅವರು ಕೇಳಿದ ಮಾತಿನಲ್ಲೇ ಇಟ್ಟಿದ್ದೇನೆ. ಪೂರ್ತಿ ಓದಲು ಪುರುಸೊತ್ತಿಲ್ಲದಿದ್ದರೆ ಹಾಲ್ಟರ್ ಅಳತೆಯ ಭಾಗವನ್ನಾದರೂ ಓದಿ. ಮರಿಗಳು ಪಡುವ ಕಷ್ಟದಲ್ಲಿ ಹೆಚ್ಚಿನದು ಅಲ್ಲಿಂದಲೇ ಶುರುವಾಗುತ್ತದೆ.

## ಮೊದಲು ತಿಳಿಯಬೇಕಾದ್ದು

ಹಾಲ್ಟರ್ ಅಂದ್ರೆ ಏನು? ಹುಲ್ಲುಗಾವಲಲ್ಲೇ ಇರೋ ಪ್ರಾಣಿಗೆ ಅದು ಯಾಕೆ ಬೇಕು?

ಮುಖಕ್ಕೆ ಹಾಕುವ ಪಟ್ಟಿಗಳ ಜೋಡಣೆಗೆ ಹಾಲ್ಟರ್ ಎನ್ನುತ್ತಾರೆ. ಒಂದು ಪಟ್ಟಿ ಮೂಗಿನ ಸುತ್ತ ಬರುತ್ತದೆ, ಇನ್ನೊಂದು ಕಿವಿಗಳ ಹಿಂದೆ ಹೋಗಿ ಬಕಲ್‌ನಲ್ಲಿ ಸೇರುತ್ತದೆ. ಗದ್ದದ ಕೆಳಗಿನ ಬಳೆಗೆ ಹಗ್ಗ ಸಿಕ್ಕಿಸುತ್ತೇವೆ. ಮೂಗುದಾರದ ಹಾಗೆ ಇಲ್ಲಿ ಮೂಗು ಚುಚ್ಚುವುದಿಲ್ಲ. ಕಡಿವಾಣದ ಹಾಗೆ ಬಾಯೊಳಗೆ ಏನೂ ಹೋಗುವುದಿಲ್ಲ.

ಉಗುರು ಕತ್ತರಿಸಬೇಕು, ಚುಚ್ಚುಮದ್ದು ಕೊಡಿಸಬೇಕು, ಉಣ್ಣೆ ತೆಗೆಯಬೇಕು, ತೂಕ ನೋಡಬೇಕು, ಡಾಕ್ಟರ್ ಹತ್ತಿರ ಕರೆದೊಯ್ಯಬೇಕು. ಹಗ್ಗಕ್ಕೆ ಒಗ್ಗಿದ ಪ್ರಾಣಿ ಇದಕ್ಕೆಲ್ಲ ನಡೆದು ಬರುತ್ತದೆ. ಒಗ್ಗದ ಪ್ರಾಣಿಯನ್ನು ಪ್ರತಿ ಸಲವೂ ಅಟ್ಟಿಸಿ, ಇಬ್ಬರು ಮೂವರು ಸೇರಿ ಅಮುಕಿ ಹಿಡಿಯಬೇಕಾಗುತ್ತದೆ. ಕಾಯಿಲೆ ಬಿದ್ದ ದಿನ ಹಾಗೆ ಓಡಾಡಿಸುವುದು ಎಷ್ಟು ಕಷ್ಟ ಅಂತ ಯೋಚಿಸಿ.

ಮರಿಗೆ ಎಷ್ಟು ತಿಂಗಳಾದಾಗ ಶುರು ಮಾಡ್ಬೇಕು?

ನಾಲ್ಕರಿಂದ ಆರು ತಿಂಗಳು ಒಳ್ಳೆಯ ಸಮಯ. ಅಷ್ಟು ಹೊತ್ತಿಗೆ ಮರಿಗೆ ಕುತೂಹಲ ಇರುತ್ತದೆ, ತಲೆಯೂ ಹಾಲ್ಟರ್ ಕೂರುವಷ್ಟು ಬೆಳೆದಿರುತ್ತದೆ. ಹೆಚ್ಚಿನವರು ಆರು ತಿಂಗಳ ಹೊತ್ತಿಗೆ ತಾಯಿಯ ಹಾಲು ಬಿಡಿಸುತ್ತಾರೆ. ಹಾಲು ಬಿಡಿಸಿದ ವಾರದಲ್ಲೇ ಹಾಲ್ಟರ್ ಅಭ್ಯಾಸ ಶುರು ಮಾಡಬೇಡಿ. ತಾಯಿಯನ್ನು ಹುಡುಕಿ ಗುಂಯ್‌ಗುಡುತ್ತಾ ಬೇಲಿಯುದ್ದಕ್ಕೂ ಓಡಾಡುವ ಮರಿಗೆ ಅದೊಂದೇ ಚಿಂತೆ ಸಾಕು. ಮೊದಲೇ ಸ್ವಲ್ಪ ಕಲಿಸಿಡಿ. ಇಲ್ಲವೇ ಎರಡು ವಾರ ಕಳೆದು, ಮರಿ ಸಮಾಧಾನವಾಗಿ ಮೇಯಲು ಶುರು ಮಾಡಿದ ಮೇಲೆ ಕೈಹಾಕಿ.

ಹುಟ್ಟಿದ ದಿನದಿಂದ್ಲೇ ಮುದ್ದು ಮಾಡಿ ಪಳಗಿಸಿದ್ರೆ ಮುಂದೆ ಎಲ್ಲಾ ಸುಲಭ ಅಲ್ವಾ?

ನೋಡಿದರೆ ಎತ್ತಿಕೊಳ್ಳಬೇಕು ಅನ್ನಿಸುತ್ತದೆ, ನಿಜ. ಆದರೂ ಬೇಡ. ಅದರಲ್ಲೂ ಗಂಡು ಮರಿಯನ್ನು ಅತಿಯಾಗಿ ಮುದ್ದು ಮಾಡಲೇಬೇಡಿ. ಬಾಟಲಿ ಹಾಲು ಕುಡಿದು ಮನುಷ್ಯರ ನಡುವೆಯೇ ಬೆಳೆದ ಗಂಡು ಮನುಷ್ಯರನ್ನೂ ತನ್ನ ಜಾತಿಯವರೆಂದೇ ತಿಳಿಯುತ್ತದೆ. ಮರಿಯಿದ್ದಾಗ ಬಂದು ಒರಗುವುದು, ಎದೆಯಿಂದ ತಳ್ಳುವುದು ಚೆಂದ ಕಾಣುತ್ತದೆ. ಅದೇ ಪ್ರಾಣಿ ಪ್ರಾಯಕ್ಕೆ ಬಂದ ಮೇಲೆ ಬೇರೆ ಗಂಡಿನ ಮೇಲೆ ಬೀಳುವ ಹಾಗೆ ಮನುಷ್ಯರ ಮೇಲೂ ಬೀಳುತ್ತದೆ. ದೊಡ್ಡ ಲಾಮಾ 130 ಕಿಲೋ ದಾಟುತ್ತದೆ. ಕಾದಾಡಲೆಂದೇ ಗಂಡಿಗೆ ಚೂಪಾದ ಹಲ್ಲುಗಳೂ ಬರುತ್ತವೆ.

ಹಾಗಂತ ಮುಟ್ಟಲೇಬಾರದು ಅಂತಿಲ್ಲ. ಹೊಕ್ಕುಳಿಗೆ ಔಷಧಿ ಹಚ್ಚುವುದು, ತೂಕ ನೋಡುವುದು, ಮೈಮೇಲೆ ಕೈಯಾಡಿಸಿ ಪರೀಕ್ಷಿಸುವುದು ನಡೆಯುತ್ತಲೇ ಇರಲಿ. ಕೆಲಸ ಇದ್ದಾಗ ಮುಟ್ಟಿ, ಮುಗಿದ ಕೂಡಲೇ ತಾಯಿಯ ಹತ್ತಿರ ಬಿಡಿ. ತಾಯಿ ಸತ್ತೋ, ಹಾಲಿಲ್ಲದೆಯೋ ಬಾಟಲಿಯೇ ಗತಿ ಅಂತಾದರೆ ಹಾಲು ಕುಡಿಸಿ ಹೊರಟುಬಿಡಿ. ಮರಿ ಹಿಂಡಿನಲ್ಲೇ ಬೆಳೆಯಲಿ.

ಮನೇಲಿ ಕುರಿಗೆ ಹಾಕೋ ಹಾಲ್ಟರ್ ಇದೆ, ಅದನ್ನೇ ಹಾಕಬಹುದಾ?

ಬೇಡ. ಕುರಿ, ಕರು, ಕುದುರೆಮರಿ ಇವುಗಳ ಮುಖದ ಆಕಾರವೇ ಬೇರೆ. ಎಳೆದಷ್ಟೂ ಬಿಗಿಯುವ ಹಗ್ಗದ ಹಾಲ್ಟರ್ ಅಂತೂ ಖಂಡಿತ ಬೇಡ. ಅಲ್ಪಾಕ, ಲಾಮಾಗಳಿಗೆಂದೇ ಮಾಡಿದ್ದನ್ನು ತನ್ನಿ. ಮೂಗಿನ ಪಟ್ಟಿ, ಕಿವಿ ಹಿಂದಿನ ಪಟ್ಟಿ ಎರಡನ್ನೂ ಬೇರೆ ಬೇರೆಯಾಗಿ ಹೆಚ್ಚುಕಡಿಮೆ ಮಾಡಲು ಬರಬೇಕು. ಮರಿಗೆ ಮರಿಯ ಅಳತೆಯದೇ ಬೇಕು. "ಹೇಗೂ ಬೆಳೆಯುತ್ತಲ್ಲ" ಅಂತ ಮಕ್ಕಳ ಬಟ್ಟೆಯ ಹಾಗೆ ಒಂದು ಅಳತೆ ದೊಡ್ಡದು ತರಬೇಡಿ.

## ಹಾಲ್ಟರ್ ಅಳತೆ

ಹಾಲ್ಟರ್ ಸರಿಯಾಗಿ ಕೂತಿದೆ ಅಂತ ಹೇಗೆ ಗೊತ್ತಾಗುತ್ತೆ?

ಈ ಪ್ರಾಣಿಗಳು ಬಹುಮಟ್ಟಿಗೆ ಮೂಗಿನಿಂದಲೇ ಉಸಿರಾಡುತ್ತವೆ. ನಮ್ಮ ಹಾಗೆ ಬಾಯಿಂದ ಸಲೀಸಾಗಿ ಉಸಿರೆಳೆಯಲು ಅವಕ್ಕೆ ಆಗುವುದಿಲ್ಲ. ಅವುಗಳ ಮೂಗಿನ ಮೂಳೆಯೂ ತುಂಬ ಗಿಡ್ಡ. ಎರಡು ಕಣ್ಣುಗಳ ನಡುವಿನಿಂದ ಮೂಗಿನ ಮೇಲೆ ನಿಧಾನವಾಗಿ ಬೆರಳು ಜಾರಿಸಿ. ಮೊದಲು ಗಟ್ಟಿ ಮೂಳೆ ಸಿಗುತ್ತದೆ. ಸ್ವಲ್ಪ ಕೆಳಗೆ ಬಂದರೆ ಆ ಗಟ್ಟಿತನ ಥಟ್ಟನೆ ಮುಗಿದು, ಬೆರಳೊತ್ತಿದರೆ ಬಗ್ಗುವ ಮೆದು ಭಾಗ ಶುರುವಾಗುತ್ತದೆ. ಮರಿಯಲ್ಲಿ ಈ ಗಟ್ಟಿ ಜಾಗ ಎಷ್ಟು ಚಿಕ್ಕದು ಅಂತ ನೋಡಿದರೆ ಆಶ್ಚರ್ಯವಾಗುತ್ತದೆ. ಮೂಗಿನ ಪಟ್ಟಿ ಆ ಗಟ್ಟಿ ಜಾಗದ ಮೇಲೆಯೇ, ಕಣ್ಣಿಗೆ ತಾಗದ ಹಾಗೆ ಆದಷ್ಟು ಮೇಲೆ ಕೂರಬೇಕು.

ಪಟ್ಟಿ ಮೆದು ಭಾಗಕ್ಕೆ ಜಾರಿತು ಅನ್ನಿ. ಹಗ್ಗ ಎಳೆದಾಗಲೆಲ್ಲ ಉಸಿರಿನ ದಾರಿ ಅಮುಕಿದಂತಾಗುತ್ತದೆ. ಮರಿ ಗಾಬರಿಬಿದ್ದು ಹಾರುತ್ತದೆ, ಬೀಳುತ್ತದೆ, ಒದೆಯುತ್ತದೆ. ನೋಡಿದವರು "ಇದು ಹಟಮಾರಿ" ಅನ್ನುತ್ತಾರೆ. ಪಾಪ, ಅದು ಉಸಿರಿಗಾಗಿ ಒದ್ದಾಡುತ್ತಿರುತ್ತದೆ. ಅಮೆರಿಕದ ತರಬೇತುದಾರರಾದ ಮಾರ್ಟಿ ಮೆಗೀ ಬೆನೆಟ್ ಈ ವಿಷಯವನ್ನು ಬಹಳ ವರ್ಷಗಳಿಂದ ಒತ್ತಿ ಹೇಳುತ್ತಾ ಬಂದಿದ್ದಾರೆ. ನನಗೂ ಎಲ್ಲಕ್ಕಿಂತ ಮುಖ್ಯ ಅನ್ನಿಸುವುದು ಇದೇ.

ಪಟ್ಟಿ ಜಾರದ ಹಾಗೆ ತಡೆಯುವುದು ಕಿವಿ ಹಿಂದಿನ ಪಟ್ಟಿ. ಅದು ಕಿವಿಗಳ ಬುಡಕ್ಕೆ ಒತ್ತಿ, ಹಿತವಾಗಿ ಬಿಗಿಯಾಗಿರಲಿ. ಹೊಸಬರು ಇದಕ್ಕೆ ಸರಿಯಾಗಿ ಉಲ್ಟಾ ಮಾಡುತ್ತಾರೆ. ಕನಿಕರದಿಂದ ಕಿವಿ ಹಿಂದಿನ ಪಟ್ಟಿ ಸಡಿಲ ಬಿಡುತ್ತಾರೆ, ಮೂಗಿನ ಪಟ್ಟಿಯನ್ನು ಬಿಗಿ ಮಾಡುತ್ತಾರೆ. ಮೂಗಿನ ಪಟ್ಟಿ ಸಡಿಲವೇ ಇರಬೇಕು, ಯಾಕೆಂದರೆ ಇವು ಮೆಲುಕು ಹಾಕುವ ಪ್ರಾಣಿಗಳು. ದವಡೆ ಅಕ್ಕಪಕ್ಕಕ್ಕೆ ಅಗಲವಾಗಿ ಆಡಬೇಕು, ಆಕಳಿಸಲೂ ಬರಬೇಕು. ಹಾಲ್ಟರ್ ಹಾಕಿ ಒಂದು ಹಿಡಿ ಹುಲ್ಲು ಕೊಟ್ಟು ನೋಡಿ. ಆರಾಮವಾಗಿ ಅಗಿದರೆ ಸಡಿಲ ಸಾಕು.

ಕೊನೆಯ ಪರೀಕ್ಷೆ ಇದು. ಮೂಗಿನ ಪಟ್ಟಿಯನ್ನು ಮೆಲ್ಲಗೆ ಮೂಗಿನ ತುದಿಯ ಕಡೆಗೆ ಎಳೆಯಿರಿ. ಗಟ್ಟಿ ಮೂಳೆ ದಾಟಿ ಕೆಳಗೆ ಬಂದರೆ ಕಿವಿ ಹಿಂದಿನ ಪಟ್ಟಿಯನ್ನು ಇನ್ನೊಂದು ತೂತು ಬಿಗಿ ಮಾಡಿ. ಆಮೇಲೂ ಬಂದರೆ ಆ ಹಾಲ್ಟರ್ ಆ ಮರಿಗೆ ಆಗುವುದಿಲ್ಲ.

ಹಾಲ್ಟರ್ ದಿನವಿಡೀ ಹಾಕಿಟ್ರೆ ಬೇಗ ಅಭ್ಯಾಸ ಆಗಲ್ವಾ?

ಬೇಲಿಗೋ ಕೊಂಬೆಗೋ ಸಿಕ್ಕಿಕೊಂಡರೆ ಪ್ರಾಣಕ್ಕೇ ಅಪಾಯ. ಮೈ ಕೆರೆದುಕೊಳ್ಳಲು ಹಿಂಗಾಲು ಎತ್ತಿದಾಗ ಕಾಲೂ ಪಟ್ಟಿಯಲ್ಲಿ ಸಿಕ್ಕಬಹುದು. ಮರಿಯ ತಲೆ ಬೆಳೆಯುತ್ತಲೇ ಇರುವುದರಿಂದ ಪಟ್ಟಿ ಚರ್ಮಕ್ಕೆ ಒತ್ತಿ ಗಾಯವೂ ಆಗುತ್ತದೆ. ನೀವು ಪಕ್ಕದಲ್ಲಿರುವಾಗ ಹಾಕಿ, ಹೊರಡುವಾಗ ತೆಗೆಯಿರಿ.

## ಹಿಡಿಯುವುದು, ಹಾಕುವುದು

ಹತ್ತಿರ ಹೋದ್ರೆ ಸಾಕು ಓಡಿಹೋಗುತ್ತೆ. ಹಿಡಿಯೋದು ಹೇಗೆ?

ದೊಡ್ಡ ಬಯಲಿನಲ್ಲಿ ಅಟ್ಟಿಸಿಕೊಂಡು ಹೋಗಲೇಬೇಡಿ. ಓಡಿದರೆ ತಪ್ಪಿಸಿಕೊಳ್ಳಬಹುದು ಅಂತ ನೀವೇ ಕಲಿಸಿದ ಹಾಗಾಗುತ್ತದೆ. ಮೂರು ಮೀಟರ್ ಉದ್ದ, ಮೂರು ಮೀಟರ್ ಅಗಲದ ಒಂದು ಸಣ್ಣ ದೊಡ್ಡಿ ಮಾಡಿ. ಮರಿಯ ಜೊತೆ ಇನ್ನೊಂದೆರಡು ಸಮಾಧಾನದ ಪ್ರಾಣಿಗಳನ್ನೂ ಒಳಗೆ ಬಿಡಿ. ಇವು ಹಿಂಡಿನ ಜೀವಿಗಳು. ಒಂಟಿಯಾದರೆ ಅವಕ್ಕೆ ಪಾಠ ತಲೆಗೆ ಹತ್ತುವುದಿಲ್ಲ, ಹಿಂಡು ಎಲ್ಲಿದೆ ಅನ್ನುವುದೊಂದೇ ಚಿಂತೆ.

ಎದುರಿನಿಂದ ನೇರವಾಗಿ ಕಣ್ಣು ನೆಟ್ಟು ಹೋಗಬೇಡಿ. ಭುಜದ ಕಡೆಯಿಂದ, ಸ್ವಲ್ಪ ಓರೆಯಾಗಿ ನಿಧಾನವಾಗಿ ನಡೆಯಿರಿ. ನೀವು ಭುಜಕ್ಕಿಂತ ಹಿಂದೆ ಇದ್ದರೆ ಮರಿ ಮುಂದೆ ಹೋಗುತ್ತದೆ, ಮುಂದೆ ಬಂದರೆ ಹಿಂದಕ್ಕೆ ತಿರುಗುತ್ತದೆ. ಇಷ್ಟು ತಿಳಿದಿದ್ದರೆ ಮುಟ್ಟದೆಯೇ ಅದನ್ನು ಬೇಕಾದ ಮೂಲೆಗೆ ನಡೆಸಬಹುದು. ಹತ್ತಿರ ಹೋದ ಮೇಲೆ ಒಂದು ಕೈಯನ್ನು ಕತ್ತಿನ ಮೇಲ್ಭಾಗದಲ್ಲಿ, ತಲೆಯ ಕೆಳಗೆ ಹಗುರವಾಗಿ ಬಳಸಿ. ಕತ್ತಿನ ಬುಡ ಅಪ್ಪಿಕೊಂಡರೆ ಅದು ತನ್ನ ಪೂರ್ತಿ ಬಲ ಹಾಕಿ ನಿಮ್ಮನ್ನೇ ಎಳೆದೊಯ್ಯುತ್ತದೆ. ಉಣ್ಣೆ ಹಿಡಿದು ಎಳೆಯುವುದು, ಕಿವಿ ಹಿಡಿಯುವುದು ಎರಡೂ ಬೇಡ, ಎರಡೂ ನೋವು ಕೊಡುತ್ತವೆ.

ಹಾಲ್ಟರ್ ಕಂಡ ಕೂಡ್ಲೇ ತಲೆ ಮೇಲಕ್ಕೆತ್ತಿಬಿಡುತ್ತೆ. ಏನ್ ಮಾಡೋದು?

ಮೂಗಿನ ಪಟ್ಟಿಯನ್ನು ಅಗಲವಾಗಿ ಬಿಡಿಸಿ, ಮೂಗಿನ ಕೆಳಗೆ ಸುಮ್ನೆ ಹಿಡಿದು ನಿಲ್ಲಿ. ಮರಿ ಮೂಸಲಿ. ಮೂಗು ಒಳಗೆ ತೂರಿಸಿದರೆ ಒಂದೆರಡು ಕ್ಷಣ ಬಿಟ್ಟು ನೀವೇ ಹಿಂದಕ್ಕೆ ತೆಗೆಯಿರಿ. ಬಕಲ್ ಹಾಕಬೇಡಿ. ಹೀಗೆ ಕೆಲವು ಸಲ ಆದ ಮೇಲೆ ಅದಕ್ಕೆ ಆ ಪಟ್ಟಿಯ ಭಯ ಇಳಿಯುತ್ತದೆ. ಆಮೇಲೆ ಕಿವಿ ಹಿಂದಿನ ಪಟ್ಟಿಯನ್ನು ಕಿವಿಗೆ ಉಜ್ಜದ ಹಾಗೆ ಸುತ್ತಿ ತಂದು ಬಕಲ್ ಹಾಕಿ. ಮರಿ ಕತ್ತು ಹೊರಳಿಸಿದರೆ ನಿಮ್ಮ ಕೈಯೂ ಅದರ ಜೊತೆಗೇ ಹೋಗಲಿ, ಬಿಗಿಹಿಡಿದು ನಿಲ್ಲಿಸಬೇಡಿ.

ತೆಗೆಯುವಾಗಲೂ ಅಷ್ಟೇ ತಾಳ್ಮೆ ಬೇಕು. ಮರಿ ಕೊಸರಾಡುತ್ತಿರುವಾಗ ಬಕಲ್ ಬಿಚ್ಚಿದರೆ ಕೊಸರಾಡಿದರೆ ಬಿಡುಗಡೆ ಅಂತ ಕಲಿಯುತ್ತದೆ. ತಲೆ ನಿಂತ ಮೇಲೆ ಬಿಚ್ಚಿ.

ಮುಖಕ್ಕೇ ಉಗುಳಿದ್ರೆ?

ಸಾಮಾನ್ಯವಾಗಿ ಇವು ಉಗುಳುವುದು ತಮ್ಮತಮ್ಮಲ್ಲಿ, ಮೇವಿನ ಜಗಳಕ್ಕೆ. ಮರಿ ನಿಮ್ಮ ಮೇಲೆ ಉಗುಳಿತು ಅಂದರೆ ಅದಕ್ಕೆ ತುಂಬ ಭಯವಾಗಿದೆ, ಇಲ್ಲವೇ ನೀವು ತುಂಬ ಅವಸರ ಮಾಡಿದ್ದೀರಿ. ಅದು ಮೊದಲೇ ಸೂಚನೆ ಕೊಡುತ್ತದೆ. ಕಿವಿಗಳು ಹಿಂದಕ್ಕೆ ಅಂಟುತ್ತವೆ, ಗದ್ದ ಆಕಾಶದ ಕಡೆಗೆ ಏಳುತ್ತದೆ. ಅಲ್ಲಿಗೇ ನಿಲ್ಲಿಸಿ ಒಂದು ಹೆಜ್ಜೆ ಹಿಂದೆ ಸರಿಯಿರಿ. ಹೊಡೆಯುವುದು, ಗದರುವುದು ಬೇಡ.

## ಹಗ್ಗ ಹಿಡಿದು ನಡೆಸುವುದು

ಮೊದಲ ದಿನಾನೇ ಹಗ್ಗ ಹಾಕಿ ನಡೆಸಬಹುದಾ?

ಮೊದಲ ಕೆಲವು ದಿನ ಬರೀ ಹಾಲ್ಟರ್ ಹಾಕಿ, ದೊಡ್ಡಿಯಲ್ಲಿ ಹುಲ್ಲು ತಿನ್ನಲು ಬಿಟ್ಟು, ಪಕ್ಕದಲ್ಲೇ ಇದ್ದು, ತೆಗೆಯಿರಿ. ಮುಖದ ಮೇಲಿನ ಪಟ್ಟಿಯನ್ನು ಮರೆತು ಮೆಲುಕು ಹಾಕಲು ಶುರು ಮಾಡಿದಾಗ ಹಗ್ಗದ ಪಾಠಕ್ಕೆ ಸಿದ್ಧವಾಗಿದೆ ಅಂತ ತಿಳಿಯಿರಿ.

ಹಗ್ಗ ಹಗುರವಾಗಿರಲಿ, ಎರಡೂವರೆಯಿಂದ ಮೂರು ಮೀಟರ್ ಉದ್ದ ಇರಲಿ. ಕುದುರೆಗೆ ಬಳಸುವ ದಪ್ಪ ಹಗ್ಗ, ಭಾರದ ಕೊಕ್ಕೆ ಮರಿಯ ಹಾಲ್ಟರನ್ನು ಕೆಳಕ್ಕೆ ಜಗ್ಗುತ್ತವೆ. ಉಳಿದ ಹಗ್ಗವನ್ನು ಕೈಗೆ ಸುತ್ತಿಕೊಳ್ಳಬೇಡಿ, ಮಡಿಸಿ ಹಿಡಿಯಿರಿ. ಮರಿ ಥಟ್ಟನೆ ಹಾರಿದರೆ ಸುತ್ತಿದ ಹಗ್ಗ ಬೆರಳು ಮುರಿಯುತ್ತದೆ.

ಕಾಲೂರಿ ನಿಂತುಬಿಡುತ್ತೆ. ಎಳೆದಷ್ಟೂ ಹಿಂದಕ್ಕೇ ಹೋಗುತ್ತೆ!

ಅತಿ ಹೆಚ್ಚು ಕೇಳುವ ಪ್ರಶ್ನೆ ಇದು. ಎಳೆದರೆ ಎದುರು ಎಳೆಯುವುದು ಇವುಗಳ ಹುಟ್ಟುಗುಣ. ನೀವು ಎಳೆಯುತ್ತಲೇ ಇದ್ದರೆ ಅದಕ್ಕೆ ಒರಗಿ ನಿಲ್ಲಲು ಆಸರೆ ಕೊಟ್ಟ ಹಾಗೆ. ಆಸರೆ ತೆಗೆದುಬಿಡಿ. ಹಗ್ಗವನ್ನು ಎರಡು ಬೆರಳಲ್ಲಿ ಮೆಲ್ಲಗೆ ಬಿಗಿ ಮಾಡಿ, ಮರುಕ್ಷಣ ಸಡಿಲ ಮಾಡಿ. ಮತ್ತೆ ಬಿಗಿ, ಮತ್ತೆ ಸಡಿಲ. ಮರಿ ತನ್ನ ಭಾರವನ್ನು ಒಂದಿಷ್ಟೇ ಮುಂದಕ್ಕೆ ತಂದರೂ ಸಾಕು, ಕತ್ತು ಚಾಚಿದರೂ ಸಾಕು, ಆಗಲೇ ಹಗ್ಗ ಪೂರ್ತಿ ಸಡಿಲವಾಗಬೇಕು. ಹೆಜ್ಜೆ ಇಡುವವರೆಗೆ ಕಾಯಬೇಡಿ. ಮರಿ ಕಲಿಯುವುದು ಹಗ್ಗ ಬಿಗಿಯಾದಾಗಲ್ಲ, ಸಡಿಲವಾದ ಆ ಕ್ಷಣದಲ್ಲಿ. ಎಷ್ಟು ಬೇಗ ಸಡಿಲ ಬಿಡುತ್ತೀರೋ ಅಷ್ಟು ಬೇಗ ಅದಕ್ಕೆ ಅರ್ಥವಾಗುತ್ತದೆ.

ನೇರ ಮುಂದಕ್ಕೆ ಬಾರದಿದ್ದರೆ ಪಕ್ಕಕ್ಕೆ ಕರೆಯಿರಿ. ನೀವು ಮರಿಯ ಎಡಕ್ಕೋ ಬಲಕ್ಕೋ ಒಂದೆರಡು ಹೆಜ್ಜೆ ಸರಿದು ಅಲ್ಲಿಂದ ಹಗ್ಗ ಬಿಗಿ ಮಾಡಿ. ತೂಕ ಸರಿದೂಗಿಸಲು ಮರಿ ಒಂದು ಕಾಲು ಎತ್ತಿಡಲೇಬೇಕು. ಎತ್ತಿಟ್ಟ ಕೂಡಲೇ ಸಡಿಲ ಬಿಡಿ, ನಿಂತು ಉಸಿರಾಡಲು ಬಿಡಿ. ಹೀಗೆ ಹಾವಿನ ನಡೆಯಲ್ಲಿ ಅಂಕುಡೊಂಕಾಗಿ ಹೋದರೂ ನಾಲ್ಕು ಹೆಜ್ಜೆ ಆಯಿತಲ್ಲ!

ತಿರುಗಿ ಮರಿಯ ಮುಖವನ್ನೇ ನೋಡುತ್ತಾ ಎಳೆಯಬೇಡಿ, ನಿಮ್ಮ ನೋಟವೇ ಅದನ್ನು ತಡೆಯುತ್ತದೆ. ಹೋಗಬೇಕಾದ ಕಡೆಗೆ ಮುಖ ಮಾಡಿ ನಿಲ್ಲಿ. ದಕ್ಷಿಣ ಅಮೆರಿಕದ ಆಂಡೀಸ್ ಬೆಟ್ಟಗಳಲ್ಲಿ ಹೊರೆ ಹೊತ್ತ ಲಾಮಾಗಳ ಸಾಲಿಗೆ ಒಂದೊಂದಕ್ಕೂ ಹಗ್ಗ ಇರುವುದಿಲ್ಲ. ಗಂಟೆ ಕಟ್ಟಿಕೊಂಡ ಒಂದೆರಡು ಮುಂದಾಳುಗಳು ನಡೆದರೆ ಉಳಿದವು ಹಿಂಬಾಲಿಸುತ್ತವೆ. ಆ ಗುಣವನ್ನು ನೀವೂ ಬಳಸಿಕೊಳ್ಳಿ. ಹಗ್ಗಕ್ಕೆ ಒಗ್ಗಿದ ದೊಡ್ಡ ಪ್ರಾಣಿಯೊಂದನ್ನು ಇನ್ನೊಬ್ಬರು ಮುಂದೆ ನಡೆಸಲಿ, ಮರಿ ಹಿಂದೆ ಬರಲಿ. ಮೊದಲ ದಿನಗಳಲ್ಲಿ ಕೊಟ್ಟಿಗೆಯಿಂದ ದೂರ ಹೋಗುವ ಬದಲು ಹಿಂಡಿನ ಕಡೆಗೇ ನಡೆಸಿ.

ನಡೀತಾ ನಡೀತಾ ನೆಲದ ಮೇಲೆ ಕೂತುಬಿಡುತ್ತೆ, ಏಳೋದೇ ಇಲ್ಲ.

ಮಂಡಿ ಮಡಚಿ ಕೂರುವುದು ಅದರ ಮಟ್ಟಿಗೆ "ಇನ್ನು ಸಾಕು" ಅನ್ನುವ ಮಾತು. ಮೊದಲು ಮೂಗಿನ ಪಟ್ಟಿ ಜಾರಿದೆಯಾ ನೋಡಿ. ಬಿಸಿಲು ಜಾಸ್ತಿ ಇದೆಯಾ ನೋಡಿ. ಎರಡೂ ಇಲ್ಲದಿದ್ದರೆ ಹಗ್ಗ ಸಡಿಲ ಬಿಟ್ಟು ಒಂದು ನಿಮಿಷ ಕಾಯಿರಿ. ಬಾಯಿಂದ ಕರೆಯುತ್ತಾ, ಹಿಂಭಾಗಕ್ಕೆ ಬೆರಳಿನಿಂದ ಮೆಲ್ಲಗೆ ತಟ್ಟಿ. ಮೂಗಿನಿಂದ ಎಳೆದು ಎಬ್ಬಿಸಬೇಡಿ. ಎದ್ದು ಎರಡು ಹೆಜ್ಜೆ ನಡೆದರೆ ಆ ದಿನದ ಪಾಠ ಮುಗಿಸಿ.

ದಿನಕ್ಕೆ ಎಷ್ಟು ಹೊತ್ತು ಕಲಿಸ್ಬೇಕು?

ಹತ್ತು ಹದಿನೈದು ನಿಮಿಷ ಸಾಕು. ಒಂದೇ ಸಲ ಒಂದು ಗಂಟೆ ಹಿಂಸೆ ಮಾಡುವುದಕ್ಕಿಂತ ಬೆಳಿಗ್ಗೆ ಸ್ವಲ್ಪ, ಸಂಜೆ ಸ್ವಲ್ಪ ಮಾಡುವುದು ಒಳ್ಳೆಯದು. ತಂಪು ಹೊತ್ತಿನಲ್ಲೇ ಮಾಡಿ. ಮೈತುಂಬ ಉಣ್ಣೆ ಇರುವ ಪ್ರಾಣಿಗೆ ಬಿಸಿಲು ಬೇಗ ತಟ್ಟುತ್ತದೆ. ಬಾಯಿ ತೆರೆದು ಉಸಿರಾಡಲು ಶುರು ಮಾಡಿದರೆ ಕೂಡಲೇ ನಿಲ್ಲಿಸಿ ನೆರಳಿಗೆ ಕರೆದೊಯ್ಯಿರಿ.

ಕಂಬಕ್ಕೆ ಕಟ್ಟಿಬಿಟ್ರೆ ಒದ್ದಾಡಿ ಒದ್ದಾಡಿ ತಾನೇ ಕಲಿಯುತ್ತೆ ಅಂತಾರೆ. ನಿಜಾನಾ?

ದಯವಿಟ್ಟು ಹೀಗೆ ಮಾಡಬೇಡಿ. ಇವುಗಳ ಕತ್ತು ಉದ್ದ, ಮರಿಯದು ಇನ್ನೂ ಎಳೆಯದು. ಕಟ್ಟಿದ ಹಗ್ಗದ ವಿರುದ್ಧ ಜೋರಾಗಿ ಹಾರಿ ಬಿದ್ದರೆ ಕತ್ತಿನ ಮೂಳೆಗೇ ಪೆಟ್ಟಾಗಬಹುದು. ಕಂಬಕ್ಕೆ ಬುದ್ಧಿ ಇಲ್ಲ, ಮರಿ ಒಂದು ಹೆಜ್ಜೆ ಮುಂದೆ ಬಂದಾಗ ಮೆಚ್ಚಿ ಹಗ್ಗ ಸಡಿಲ ಬಿಡಲು ಅದಕ್ಕೆ ಬರುವುದಿಲ್ಲ. ಕಟ್ಟಿ ನಿಲ್ಲಿಸುವ ಅಭ್ಯಾಸ ಹಗ್ಗ ಹಿಡಿದು ಚೆನ್ನಾಗಿ ನಡೆಯುವುದನ್ನು ಕಲಿತ ಮೇಲೆ. ಆಗಲೂ ತಟ್ಟನೆ ಬಿಚ್ಚಲು ಬರುವ ಗಂಟು ಹಾಕಿ, ಕಾಲಿಗೆ ತೊಡರದಷ್ಟು ಗಿಡ್ಡವಾಗಿ, ಬೆನ್ನಿನ ಎತ್ತರದಲ್ಲಿ ಕಟ್ಟಿ, ಪಕ್ಕದಲ್ಲೇ ನಿಂತಿರಿ.

ತಿಂಡಿ ತೋರಿಸಿ ಕರೀಬಹುದಾ?

ಬಹುದು. ಆದರೆ ಜೇಬಿನಿಂದ, ಕೈಯಿಂದ ಕೊಟ್ಟರೆ ಮರಿ ಮೈಮೇಲೆ ನುಗ್ಗುವುದನ್ನು ಕಲಿಯುತ್ತದೆ. ಬಟ್ಟಲಲ್ಲಿ ಕೊಡಿ. ಸರಿಯಾದ ಕೆಲಸ ಮಾಡಿದ ತಕ್ಷಣ ಒಂದು ನಿಗದಿತ ಸದ್ದು ಮಾಡಿ, ಆಮೇಲೆ ತಿಂಡಿ ಕೊಡುವ ಕ್ಲಿಕ್ಕರ್ ಪದ್ಧತಿಯೂ ಇವಕ್ಕೆ ಚೆನ್ನಾಗಿ ಒಗ್ಗುತ್ತದೆ. ಒಣ ಪೆಲೆಟ್ (ಗುಳಿಗೆಯಂತೆ ಅಚ್ಚು ಹಾಕಿದ ಪಶು ಆಹಾರ) ಗಬಗಬನೆ ತಿಂದರೆ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ, ಒಂದೊಂದು ಚಿಟಿಕೆಯಷ್ಟೇ ಕೊಡಿ.

## ಮುಂದಿನ ಹಂತ

ನೀರು, ಸೇತುವೆ, ಗಾಡಿ ಕಂಡ್ರೆ ನಿಂತುಬಿಡುತ್ತೆ. ದಾಟಿಸೋದು ಹೇಗೆ?

ನಿಂತು ನೋಡಲು ಬಿಡಿ. ಕಿವಿ ಮುಂದೆ ಮಾಡಿ ನೋಡುತ್ತಿದ್ದರೆ ಅದು ಲೆಕ್ಕ ಹಾಕುತ್ತಿದೆ ಅಂತ ಅರ್ಥ. ಮನೆಯ ಹತ್ತಿರವೇ ಅಭ್ಯಾಸ ಮಾಡಿಸಿ. ನೆಲದ ಮೇಲೆ ಟಾರ್ಪಾಲ್ ಹಾಸಿ, ಒಂದು ಹಲಗೆ ಇಡಿ, ಅಡ್ಡ ಕೋಲು ಹಾಕಿ. ಮೊದಲು ದೊಡ್ಡ ಪ್ರಾಣಿ ದಾಟಲಿ. ಮರಿ ಒಮ್ಮೆಲೇ ನೆಗೆದು ದಾಟುವುದುಂಟು, ಹಾಗಾಗಿ ಅದರ ನೇರ ಎದುರಿಗೆ ನಿಲ್ಲಬೇಡಿ.

ಗಾಡಿಯ ವಿಷಯದಲ್ಲಿ ಒಂದು ಮಾತು. ನಿಂತ ಗಾಡಿಯೊಳಗೆ ಹುಲ್ಲು ಹಾಕಿ, ಹತ್ತಿಸಿ ಇಳಿಸಿ ಅಭ್ಯಾಸ ಮಾಡಿಸಿ. ಗಾಡಿ ಹೊರಟ ಮೇಲೆ ಇವು ಸಾಮಾನ್ಯವಾಗಿ ತಾವೇ ಕೂತುಬಿಡುತ್ತವೆ. ಒಳಗೆ ಕಟ್ಟಿಹಾಕಬೇಡಿ.

ಲಾಮಾ ಮರಿಗೆ ಹೊರೆ ಹೊರಿಸೋದು ಯಾವಾಗ?

ಎರಡು ವರ್ಷದ ಹೊತ್ತಿಗೆ ಖಾಲಿ ಜೀನು ಹಾಕಿ ನಡೆಸಬಹುದು. ಮೂಳೆ ಬಲಿಯಲು ಸುಮಾರು ನಾಲ್ಕು ವರ್ಷ ಬೇಕು, ಅಲ್ಲಿಯವರೆಗೆ ನಿಜವಾದ ಹೊರೆ ಬೇಡ. ಆಮೇಲೂ ಪಳಗಿದ, ಗಟ್ಟಿಮುಟ್ಟಾದ ಲಾಮಾಗೆ ಅದರ ತೂಕದ ಐದರಲ್ಲಿ ಒಂದು ಪಾಲು, ಹೆಚ್ಚೆಂದರೆ ಕಾಲು ಪಾಲು. 150 ಕಿಲೋ ಲಾಮಾಗೆ 30 ಕಿಲೋ ಅಂತಿಟ್ಟುಕೊಳ್ಳಿ. ಅಲ್ಪಾಕಗಳನ್ನು ಉಣ್ಣೆಗಾಗಿ ಬೆಳೆಸಿದ್ದು, ಅವು ಹೊರೆಗೆ ಆಗುವುದಿಲ್ಲ.

ಮೂರು ವರ್ಷದ್ದನ್ನ ತಂದಿದ್ದೀನಿ, ಹಾಲ್ಟರ್ ಕಂಡ್ರೆ ನಡುಗುತ್ತೆ. ಇನ್ನು ಕಲಿಯುತ್ತಾ?

ಕಲಿಯುತ್ತದೆ. ಮರಿಗಿಂತ ನಿಧಾನ ಅಷ್ಟೇ. ಹಿಂದೆ ಯಾರೋ ಹಾಕಿದ ಹಾಲ್ಟರ್ ಉಸಿರು ಕಟ್ಟಿಸಿರುವ ಸಾಧ್ಯತೆ ಜಾಸ್ತಿ. ಹಳೆಯ ಹಾಲ್ಟರ್ ಎತ್ತಿಟ್ಟು ಬೇರೆ ಆಕಾರದ್ದನ್ನು, ಸರಿಯಾದ ಅಳತೆಯದನ್ನು ತನ್ನಿ. ಮೊದಲಿಂದ, ಮರಿಗೆ ಕಲಿಸುವ ಹಾಗೆಯೇ ಶುರು ಮಾಡಿ. ಒಮ್ಮೆ ಹಾಲ್ಟರ್ ಹಾಕಿಯೂ ಸಲೀಸಾಗಿ ಉಸಿರಾಡಬಹುದು ಅಂತ ಗೊತ್ತಾದ ಮೇಲೆ ಎಷ್ಟೋ ಪ್ರಾಣಿಗಳು ಬೇರೆಯೇ ಆಗಿಬಿಡುತ್ತವೆ.

ಚೆನ್ನಾಗಿ ನಡೀತಿದ್ದ ಮರಿ ಈಗ ಇದ್ದಕ್ಕಿದ್ದ ಹಾಗೆ ತಲೆ ಒದರುತ್ತೆ, ಮುಖ ಮುಟ್ಟೋಕೆ ಬಿಡಲ್ಲ. ಯಾಕೆ?

ಕಲಿತದ್ದನ್ನು ಮರೆತಿದೆ ಅಂದುಕೊಳ್ಳಬೇಡಿ, ನೋವು ಹುಡುಕಿ. ಮೊದಲು ಹಾಲ್ಟರ್. ಕಳೆದ ತಿಂಗಳು ಸರಿಯಿದ್ದದ್ದು ಈಗ ಚಿಕ್ಕದಾಗಿರಬಹುದು. ಚಿಕ್ಕದಾದ ಹಾಲ್ಟರ್‌ನಲ್ಲಿ ಮೂಗಿನ ಪಟ್ಟಿ ಬಿಗಿಯಾಗಿ ದವಡೆ ಆಡುವುದಿಲ್ಲ. ಬೆಳೆಯುವ ಮರಿಗೆ ವಾರಕ್ಕೊಮ್ಮೆ ಅಳತೆ ನೋಡಬೇಕು. ಪಟ್ಟಿಯ ಜಾಗದಲ್ಲಿ ಕೂದಲು ಸವೆದಿದೆಯಾ, ಚರ್ಮ ಕೆಂಪಾಗಿದೆಯಾ ನೋಡಿ.

ಆಮೇಲೆ ಕೆಳದವಡೆಯ ಉದ್ದಕ್ಕೂ ಎರಡೂ ಕಡೆ ಒಟ್ಟಿಗೆ ಬೆರಳಾಡಿಸಿ. ಒಂದು ಕಡೆ ಗಂಟು, ಬಿಸಿ ಅನ್ನಿಸಿದರೆ ಹಲ್ಲಿನ ಬೇರಲ್ಲಿ ಕೀವು ಕಟ್ಟಿರಬಹುದು. ಈ ಪ್ರಾಣಿಗಳಲ್ಲಿ ಅದು ಆಗಾಗ ಕಾಣುವ ತೊಂದರೆ. ಮೂಗು, ಕಿವಿಯ ಸುತ್ತ ಚರ್ಮ ಹೊಪ್ಪಳಿಕೆ ಎದ್ದಿದ್ದರೆ ನುಸಿ ರೋಗ ಇರಬಹುದು. ಕಣ್ಣಲ್ಲಿ ನೀರು ಸುರಿಯುತ್ತಿದ್ದರೆ ಹುಲ್ಲಿನ ಕಡ್ಡಿ ಸಿಕ್ಕಿದೆಯಾ ನೋಡಿ. ಇವುಗಳಲ್ಲಿ ಯಾವುದು ಕಂಡರೂ ಪಾಠ ನಿಲ್ಲಿಸಿ ಪಶುವೈದ್ಯರಿಗೆ ತೋರಿಸಿ. ಗುಣವಾದ ಮೇಲೆ ಮತ್ತೆ ಒಂದೆರಡು ದಿನ ಬರೀ ಹಾಲ್ಟರ್ ಮೂಸಿಸಿ, ಆಮೇಲೆ ಹಗ್ಗ ಹಾಕಿ.